ಹಳ್ಳದಾಚೆಯ ಈಡು

ಹೆಬ್ಬಲಸಿನ ತೋಟ
ಸಕಲೇಶಪುರ ತಾಲೂಕು
3 ಜುಲೈ 2023

ಶ್ರೀ ನಟರಾಜ್, ವಕೀಲರು, ಇವರಿಗೆ,

ನಮಸ್ಕಾರ. ನಾನು ಸುಚಿತ್ರಾ, ಹಳ್ಳದ ಈಚೆಯ ಪುಟ್ಟಸ್ವಾಮಿಯವರ ಮಗಳು. ಹಾಸನದ ಕಾಲೇಜಿನಲ್ಲಿ ನಿಮ್ಮ ನೋಟ್ಸ್ ಕಾಪಿ ಮಾಡಿ ನಿಮಗಿಂತ ಹೆಚ್ಚು ಅಂಕ ತೆಗೆದವಳು. ಇಷ್ಟು ಹೇಳಿದರೆ ನೆನಪಾಗಬಹುದು. ಆಗದಿದ್ದರೆ ಯಾರೋ ಕಕ್ಷಿದಾರಳು ಎಂದುಕೊಂಡು ಮುಂದೆ ಓದಿ.

ವಿಳಾಸದ ಕಾರ್ಡು ಕೊಟ್ಟವರು ನಿಮ್ಮ ತಂದೆ ಲಕ್ಕಯ್ಯ ಮಾವ. "ನನ್ ಮಗ ಹೈಕೋರ್ಟ್ ಲಾಯರ್ರು ಕಣವ್ವ. ನನ್ ಕೈಲಿ ಮಾತಾಡಕ್ಕೆ ಪುರುಸೊತ್ತಿಲ್ಲ, ಜಡ್ಜ್ ಕೈಲಿ ಮಾತಾಡ್ತಾನೆ. ನೀನ್ ಬರುದ್ರೆ ಓದಾನು" ಎಂದರು. ಇಲ್ಲಿ ಸಿಗ್ನಲ್ಲು ಹಲಸಿನ ಮರ ಹತ್ತಿದವರಿಗೆ ಮಾತ್ರ. ಆದ್ದರಿಂದ ಕಾಗದ.

ವಿಷಯ ಕೋವಿಯದು. ಅಪ್ಪ ತೀರಿಕೊಂಡು ಎರಡು ವರ್ಷವಾಯಿತು. ಅವರ ಒಂಟಿನಳಿಗೆ ಕೋವಿಯನ್ನು ಕಾನೂನಿನಂತೆ ಸ್ಟೇಷನ್ನಿಗೆ ಒಪ್ಪಿಸಿ, ವಾರಸುದಾರಳಾದ ನನ್ನ ಹೆಸರಿಗೆ ಲೈಸೆನ್ಸ್ ಕೊಡಿ ಎಂದು ಆಗಲೇ ಅರ್ಜಿ ಹಾಕಿದೆ. ಕಚೇರಿಯಲ್ಲಿ ಕೇಳಿದರೆ ಪೊಲೀಸ್ ವರದಿ ಬಂದಿಲ್ಲ ಅನ್ನುತ್ತಾರೆ. ಸ್ಟೇಷನ್ನಿನಲ್ಲಿ ಕೇಳಿದರೆ ವರದಿ ಬರೆಯಬೇಕಾದವರು ದೋಣಿಗಲ್ ಹತ್ತಿರ ಗುಡ್ಡ ಕುಸಿದ ಕಡೆ ಲಾರಿ ಕಾಯಲು ಹೋಗಿದ್ದಾರೆ ಅನ್ನುತ್ತಾರೆ. ಕೊಡುವುದಿಲ್ಲ ಎಂದಾದರೂ ಹೇಳಿದರೆ ಒಮ್ಮೆ ಅತ್ತು ಸುಮ್ಮನಾಗುತ್ತಿದ್ದೆ. ಅದನ್ನೂ ಹೇಳುವುದಿಲ್ಲ. ಈಗ ಸ್ಟೇಷನ್ನಿನಿಂದ ತಿಳುವಳಿಕೆ ಬಂದಿದೆ: ಲೈಸೆನ್ಸ್ ಇಲ್ಲದ ಕೋವಿಯನ್ನು ಇನ್ನು ಇಟ್ಟುಕೊಳ್ಳಲಾಗದು, ಮೇಲಕ್ಕೆ ಕಳಿಸಿ ಮುರಿಸಲಾಗುವುದು.

ನಮ್ಮ ಹಳ್ಳದ ಪದ್ಧತಿಯನ್ನು ಬೆಂಗಳೂರು ನಿಮಗೆ ಮರೆಸಿರಬಹುದು, ನೆನಪಿಸುತ್ತೇನೆ. ಹೊತ್ತು ಮುಳುಗುವಾಗ ಹಂದಿ ಬೆದರಲೆಂದು ಆಚೆ ಗುಡ್ಡದಿಂದ ನಿಮ್ಮಪ್ಪ ಕೋವಿ ಎತ್ತಿ ಗಾಳಿಗೆ ಒಂದು ಈಡು ಹೊಡೆಯುತ್ತಿದ್ದರು. ಈಚೆಯಿಂದ ನಮ್ಮಪ್ಪ ಒಂದು. ಹಂದಿಗೆ ಅದು ಬೆದರಿಕೆ, ನಮಗೆ ಅದು ಕ್ಷೇಮಸಮಾಚಾರ. ಉತ್ತರ ಬರದಿದ್ದರೆ, ಈಡು ಹೊಡೆದವರು ಬೆಳಿಗ್ಗೆ ಎದ್ದು ಹಳ್ಳದ ಮೇಲಿನ ಮರದ ಸಂಕ ದಾಟಿ ಹೋಗಿ ಏನಾಯಿತೆಂದು ನೋಡಬೇಕು. ಅಪ್ಪ ಹೋದ ಬೆಳಿಗ್ಗೆ ಮೊದಲು ಬಂದವರು ಹಾಗೆ ಬಂದ ಲಕ್ಕಯ್ಯ ಮಾವನೇ.

ಅವರು ಈಗಲೂ ಸಂಜೆ ಹೊಡೆಯುತ್ತಾರೆ. ನನ್ನ ಹತ್ತಿರ ಉತ್ತರಿಸಲು ಕೋವಿ ಇಲ್ಲ. ಬೆಳಿಗ್ಗೆ ಸಂಕ ದಾಟಿ ಬಂದು ಜಗುಲಿಯಲ್ಲಿ ಕೂರುತ್ತಾರೆ. "ಉತ್ರ ಬರ್ಲಿಲ್ಲ, ನೋಡ್ಕಂಡ್ ಹೋಗನ ಅಂತ ಬಂದೆ." ದಿನಾ ಇದೇ ಮಾತು. ಬೇಡ ಮಾವ ಎಂದರೆ ಕೇಳುವುದಿಲ್ಲ. ಅವರ ಮೊಣಕಾಲು ಮೊದಲಿನಂತಿಲ್ಲ, ಮಳೆಗಾಲದಲ್ಲಿ ಸಂಕ ಜಾರುತ್ತದೆ. ಅವರು ಬರುವುದು ನಿಲ್ಲಬೇಕಾದರೆ ನಾನು ಈಡು ಹೊಡೆಯಬೇಕು.

ಕೋರ್ಟಿನಲ್ಲಿ ಇದಕ್ಕೇನಾದರೂ ದಾರಿ ಇದೆಯೆ?

ಇಂತಿ,
ಸುಚಿತ್ರಾ


ಬೆಂಗಳೂರು
15 ಜುಲೈ 2023

ಸುಚಿತ್ರಾ ಅವರಿಗೆ,

ನೆನಪಾಯಿತು. ನನ್ನದೇ ನೋಟ್ಸ್ ನಿಮಗೆ ಫಸ್ಟ್ ಕ್ಲಾಸನ್ನೂ ನನಗೆ ಪಾಸ್ ಕ್ಲಾಸನ್ನೂ ಕೊಟ್ಟದ್ದು ನನ್ನ ಬದುಕಿನ ಮೊದಲ ಅನ್ಯಾಯ. ನಾನು ವಕೀಲನಾದದ್ದೇ ಆ ಸಿಟ್ಟಿಗೆ. 'ಶ್ರೀ, ವಕೀಲರು, ಇವರಿಗೆ' ಎಂದು ಓದಿದ ತಕ್ಷಣ ಎದ್ದು ನಿಂತು ಕಪ್ಪು ಕೋಟು ಹಾಕಿಕೊಂಡೆ. ಈ ಉತ್ತರವನ್ನು ಕೋಟು ಹಾಕಿಕೊಂಡೇ ಬರೆಯುತ್ತಿದ್ದೇನೆ.

ಅರ್ಜಿ ನಿಮ್ಮದು, ಮರ್ಜಿ ತಮ್ಮದು ಎಂದು ಕಚೇರಿಗಳು ತಿಳಿದುಕೊಂಡಿವೆ. ನಿಯಮ ಹಾಗೆನ್ನುವುದಿಲ್ಲ. ಪೊಲೀಸರು ಒಂದು ತಿಂಗಳೊಳಗೆ ವರದಿ ಕೊಡಬೇಕು. ಅದು ಬಂದ ಎರಡು ತಿಂಗಳೊಳಗೆ ಅಧಿಕಾರಿ ತೀರ್ಮಾನಿಸಬೇಕು. ವರದಿ ಬಾರದಿದ್ದರೆ ಅದಕ್ಕೆ ಕಾಯದೆಯೂ ತೀರ್ಮಾನಿಸಬಹುದು. ಕೊಡುವುದಿಲ್ಲ ಎಂದರೆ ಕಾರಣ ಬರೆಯಬೇಕು, ಆ ಕಾರಣ ಹಿಡಿದು ನಾವು ಮೇಲ್ಮನವಿಗೆ ಹೋಗುತ್ತೇವೆ. ಆದರೆ ಏನೂ ಅನ್ನದೆ ಕೂತವರ ಮೇಲೆ ಮೇಲ್ಮನವಿ ಹೇಗೆ? ಪ್ರಶ್ನಿಸಲು ಆದೇಶವೇ ಇಲ್ಲವಲ್ಲ! ಅಂಥ ಜಾಣರಿಗಾಗಿಯೇ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಇರುವುದು. ನಾವು ಕೇಳುವ ಆಜ್ಞೆಯ ಹೆಸರು ಮ್ಯಾಂಡಮಸ್. ನಿನ್ನ ಕೆಲಸ ನೀನು ಮಾಡು ಅಂತ ಅರ್ಥ.

ಒಂದು ಎಚ್ಚರಿಕೆ. ಕೋರ್ಟು ನಿಮಗೆ ಕೋವಿ ಕೊಡಿಸುವುದಿಲ್ಲ. 'ಹೂಂ ಅನ್ನು, ಇಲ್ಲವೇ ಉಹೂಂ ಅನ್ನು, ಸುಮ್ಮನೆ ಕೂರಬೇಡ' ಎಂದು ಅಧಿಕಾರಿಗೆ ಹೇಳುತ್ತದೆ, ಅಷ್ಟೆ. ಮೌನ ಉತ್ತರವಲ್ಲ ಎನ್ನುವುದೇ ಈ ಇಡೀ ಕಾನೂನಿನ ತಿರುಳು. ಮೊದಲು ನೋಟಿಸು ಕೊಡೋಣ. ಅದಕ್ಕೂ ಮೌನವಾದರೆ ರಿಟ್. ಜೊತೆಗೆ, ಅರ್ಜಿ ಇತ್ಯರ್ಥವಾಗುವ ತನಕ ಕೋವಿ ಮುರಿಯಬಾರದೆಂದು ಮಧ್ಯಂತರ ಆದೇಶವನ್ನೂ ಕೇಳೋಣ. ಅರ್ಜಿಯ ಪ್ರತಿ, ಮರಣ ಪತ್ರ, ನಿಮ್ಮಪ್ಪನ ಹಳೆಯ ಲೈಸೆನ್ಸು ಕಳಿಸಿ.

ನಮ್ಮಪ್ಪ ದಿನಾ ಸಂಕ ದಾಟುತ್ತಾರೆಂದು ಅಣ್ಣ ಬಾಲು ಒಮ್ಮೆಯೂ ಹೇಳಿಲ್ಲ. ಹಬ್ಬಕ್ಕೆ ಬಂದು, ಊಟದ ಎಲೆ ಎತ್ತುವ ಮೊದಲೇ ಹೊರಡುವ ತಮ್ಮನಿಗೆ ಅವನಾದರೂ ಎಷ್ಟು ಹೇಳಿಯಾನು.

ಇಂತಿ ನಿಮ್ಮ,
ನಟರಾಜ್


ಹೆಬ್ಬಲಸಿನ ತೋಟ
30 ಜುಲೈ 2023

ನಟರಾಜ್ ಅವರಿಗೆ,

ಕಾಗದಗಳನ್ನೆಲ್ಲ ಕಳಿಸಿದ್ದೇನೆ. ಕೋಟು ಬಿಚ್ಚಿ, ಸೆಕೆಯಾದೀತು.

ನಿಮ್ಮ ಪತ್ರವನ್ನು ಮಾದಮ್ಮನಿಗೆ ಓದಿ ಹೇಳಿದೆ. ಅಮ್ಮ ಹೋದಾಗಿನಿಂದ ನನ್ನನ್ನು ಬೈದು ಬೆಳೆಸಿದ ನಮ್ಮನೆಯ ಮಾದಮ್ಮ, ನೆನಪಿರಬೇಕಲ್ಲ. ಮ್ಯಾಂಡಮಸ್ ಎಂದ ಕೂಡಲೇ ಪಾತ್ರೆ ಕೆಳಗಿಟ್ಟಳು. "ಅಯ್ಯೋ, ನನ್ ಹೆಸ್ರು ಯಾಕವ್ವ ಕೋರ್ಟಿಗೋಯ್ತು? ಕೋವಿ ನಂದಾ?" ಅದು ನೀನಲ್ಲ, ಸರ್ಕಾರಕ್ಕೆ ಬೈಯುವ ಒಂದು ವಿಧಾನ ಎಂದೆ. "ಬೈಯೋದಾದ್ರೆ ನನ್ನೇ ಕಳ್ಸು" ಎಂದಳು. ನಿಮ್ಮ ರಿಟ್ಟಿಗಿಂತ ಅದೇ ಬೇಗ ಮುಗಿಯುತ್ತಿತ್ತೇನೋ.

ಕಚೇರಿಗೆ ಮತ್ತೆ ಹೋಗಿದ್ದೆ. ಗುಮಾಸ್ತರು ಒಳ್ಳೆಯವರೇ. "ಹೆಣ್ಮಕ್ಳಿಗೆ ಕೋವಿ ಯಾಕ್ ಮೇಡಂ? ಒಂದ್ ನಾಯಿ ಸಾಕಿ" ಎಂದರು. ಸಾಕಿದ್ದೇನೆ, ಅದು ಹಂದಿಯನ್ನು ಕಂಡರೆ ನನ್ನ ಹಿಂದೆ ನಿಲ್ಲುತ್ತದೆ ಎಂದೆ. ಅವರು ನಕ್ಕರು. ಫೈಲು ನಗಲಿಲ್ಲ.

ಕೋವಿ ಏಕೆ ಬೇಕೆಂದು ಅಫಿಡವಿಟ್ಟಿನಲ್ಲಿ ಏನು ಬರೆಯುತ್ತೀರಿ? ನಿಜ ಬರೆಯಬಹುದೆ?

ನಿಮ್ಮ ಶಾಲಿನಿಯವರಿಗೆ ನನ್ನ ನಮಸ್ಕಾರ ತಿಳಿಸಿ. ಕಾಗದದ ತಲೆಯ ಮೇಲೆ 'ಶಾಲಿನಿ ಮತ್ತು ನಟರಾಜ್, ವಕೀಲರು' ಎಂದು ಜೋಡಿ ಹೆಸರು ಅಚ್ಚಾಗಿರುವುದು ನೋಡಲು ಚೆನ್ನಾಗಿದೆ.

ಸುಚಿತ್ರಾ


ಬೆಂಗಳೂರು
20 ಆಗಸ್ಟ್ 2023

ಸುಚಿತ್ರಾ ಅವರಿಗೆ,

ನೋಟಿಸು ಹೋಗಿದೆ. ಅಫಿಡವಿಟ್ಟಿನ ಕರಡು ಇದರ ಜೊತೆಗಿದೆ. ನಿಜವನ್ನೇ ಬರೆದಿದ್ದೇನೆ, ಪೂರ್ತಿ ಬರೆದಿಲ್ಲ. 'ಹಳ್ಳದಾಚೆಯವರ ಜೊತೆ ಮಾತಾಡಲು ಕೋವಿ ಬೇಕು' ಎಂದರೆ ನ್ಯಾಯಮೂರ್ತಿಗಳು ಒಂದು ಮೊಬೈಲ್ ಕೊಳ್ಳಿ ತಾಯಿ ಎಂದಾರು. ಹಾಗಾಗಿ ಹಂದಿ ಎಂದಿದ್ದೇನೆ. ಹಂದಿಯ ವಿಷಯದಲ್ಲಿ ಯಾವ ಸರ್ಕಾರಕ್ಕೂ ಭಿನ್ನಾಭಿಪ್ರಾಯವಿಲ್ಲ. 'ಅರ್ಜಿದಾರಳ ತೋಟಕ್ಕೆ ತೋಟಾ ಬೇಕು' ಎಂಬ ನನ್ನ ಸೊಗಸಾದ ವಾಕ್ಯವನ್ನು ಶಾಲಿನಿ ಮೇಡಂ ಕೆಂಪು ಶಾಯಿಯಲ್ಲಿ ಹೊಡೆದುಹಾಕಿದರು. ನಿಮ್ಮ ನಮಸ್ಕಾರ ತಲುಪಿಸಿದೆ. ಆ ಹುಡುಗಿ ಬಹಳ ಮರ್ಯಾದಸ್ಥೆ ಎಂದರು. ನನ್ನ ಅನುಭವ ಬೇರೆ ಎಂದು ಹೇಳಲಿಲ್ಲ.

ಇಲ್ಲಿ ಸಂಜೆ ಬಹಳ ಶಬ್ದ. ಆದರೆ ಒಂದು ಶಬ್ದಕ್ಕೂ ಇನ್ನೊಂದಕ್ಕೂ ಸಂಬಂಧವಿಲ್ಲ. ಯಾರೂ ಯಾರಿಗೂ ಉತ್ತರಿಸುತ್ತಿರುವುದಿಲ್ಲ. ನಿಮ್ಮ ಪತ್ರ ಬಂದ ಮೇಲೆ ಹೊತ್ತು ಮುಳುಗುವಾಗ ಕೈಲಿದ್ದ ಕೆಲಸ ನಿಲ್ಲಿಸಿ ಕಿವಿಗೊಡುವುದು ಅಭ್ಯಾಸವಾಗಿದೆ. ನಿಮ್ಮಪ್ಪನ ಕೋವಿಯ ಸದ್ದು ನಮ್ಮಪ್ಪನದಕ್ಕಿಂತ ಸ್ವಲ್ಪ ದಪ್ಪ. ಬಂಡೆಗೆ ತಾಗಿ ಒಮ್ಮೆ, ಕಾಡಿಗೆ ತಾಗಿ ಒಮ್ಮೆ ಮರುದನಿ ಬರುತ್ತಿತ್ತು. ಒಂದು ಭಾನುವಾರ ಅದಕ್ಕಾಗಿ ಬಹಳ ಹೊತ್ತು ಕಾದಿದ್ದೆ.

ಅದು ಬಿಡಿ. ಕರಡು ಓದಿ ಸಹಿ ಮಾಡಿ ಕಳಿಸಿ.

ನಟರಾಜ್


ಹೆಬ್ಬಲಸಿನ ತೋಟ
1 ಅಕ್ಟೋಬರ್ 2023

ನಟರಾಜ್ ಅವರಿಗೆ,

ಸಹಿ ಮಾಡಿದ್ದೇನೆ. ನೋಟಿಸಿಗೆ ಯಾವ ಉತ್ತರವೂ ಬಂದಿಲ್ಲ. ರಿಟ್ ಹಾಕಿ.

ಲಕ್ಕಯ್ಯ ಮಾವ ಮೊನ್ನೆ ಸಂಕದ ಮೇಲೆ ಜಾರಿದರು. ಬೀಳಲಿಲ್ಲ, ಹಗ್ಗ ಹಿಡಿದುಕೊಂಡರು. ಬಂದು ಕೂತವರು ಅದನ್ನು ಹೇಳಲೂ ಇಲ್ಲ. ಪಂಚೆಯ ಕೆಸರು ನೋಡಿ ನಾನೇ ಕೇಳಿದ್ದು. "ನಿಮ್ ಹಳ್ಳದ್ ನೀರು ತಣ್ಗಿದ್ಯಾ ಅಂತ ನೋಡ್ದೆ ಕಣವ್ವ" ಎಂದರು. ನಿಮ್ಮ ಚೇಷ್ಟೆ ಎಲ್ಲಿಂದ ಬಂತೆಂದು ಗೊತ್ತಾಯಿತು.

ಅದು ಬಿಡಿ ಎಂದಿದ್ದೀರಿ. ಬಿಟ್ಟಿದ್ದೇನೆ. ಅದರಲ್ಲಿ ನನಗೆ ಒಳ್ಳೆಯ ಅಭ್ಯಾಸವಿದೆ.

ಶಾಲಿನಿಯವರಿಗೆ ನಮಸ್ಕಾರ.

ಸುಚಿತ್ರಾ


ಬೆಂಗಳೂರು
28 ನವೆಂಬರ್ 2023

ಸುಚಿತ್ರಾ ಅವರಿಗೆ,

ಶುಭ ಸಮಾಚಾರ: ರಿಟ್ ದಾಖಲಾಗಿ, ಕೋವಿ ಮುರಿಯಬಾರದೆಂದು ಮಧ್ಯಂತರ ಆದೇಶ ಸಿಕ್ಕಿದೆ. ಆದೇಶದ ಪ್ರತಿ ಸ್ಟೇಷನ್ನಿಗೂ ತಲುಪಿದೆ. ಈಗ ಅದು ಹೈಕೋರ್ಟಿನ ರಕ್ಷಣೆಯಲ್ಲಿರುವ ಕೋವಿ. ಮುಟ್ಟಿದರೆ ಅವರಿಗೇ ಗುಂಡು ತಗಲೀತು.

ಅಶುಭ ಸಮಾಚಾರ: ಸರ್ಕಾರಿ ವಕೀಲರು ಸಮಯ ಕೇಳಿದರು. ತಡವಾಯಿತೆಂದು ಹಾಕಿದ ಅರ್ಜಿಗೆ ಉತ್ತರಿಸಲು ತಡಮಾಡಲು ಅವಕಾಶ ಕೊಡಿ ಎಂದರು! ನಾನು ಎದ್ದು, "ಸ್ವಾಮಿ, ಈ ಫೈಲಿಗೆ ಕಾಲಿಲ್ಲ ನಿಜ, ಆದರೆ ಇದಕ್ಕಾಗಿ ದಿನಾ ಸಂಕ ದಾಟುವ ಒಬ್ಬರಿಗೆ ಕಾಲು ನೋಯುತ್ತಿದೆ" ಎಂದುಬಿಟ್ಟೆ. ಅದು ನಮ್ಮ ದಾಖಲೆಯಲ್ಲಿ ಎಲ್ಲೂ ಇಲ್ಲ. ನ್ಯಾಯಮೂರ್ತಿಗಳು ಕನ್ನಡಕದ ಮೇಲಿಂದ ನೋಡಿ, "ಹಂದಿಯೇ?" ಎಂದರು. ಇಡೀ ಕೋರ್ಟ್ ಹಾಲ್ ನಕ್ಕಿತು. ಅಪ್ಪನಿಗೆ ಹೇಳಬೇಡಿ.

ಜನವರಿಯಲ್ಲಿ ಮತ್ತೆ ಬರುತ್ತದೆ. ಈ ನಡುವೆ ನೀವು ಬರೆಯುತ್ತಿರಿ. ಕೇಸಿಗೆ ಬೇಕೆಂದಲ್ಲ.

ನಟರಾಜ್


ಹೆಬ್ಬಲಸಿನ ತೋಟ
17 ಡಿಸೆಂಬರ್ 2023

ನಟರಾಜ್ ಅವರಿಗೆ,

ಕೇಸಿಗೆ ಬೇಡದ್ದನ್ನೇ ಬರೆಯುತ್ತೇನೆ. ಕಾಫಿ ಹಣ್ಣಿನ ಕುಯ್ಲು ನಡೆದಿದೆ, ಕೈಯೆಲ್ಲ ಅಂಟು. ಕಾಗದಕ್ಕೂ ಅಂಟಿದ್ದರೆ ಕ್ಷಮಿಸಿ.

ಮೊನ್ನೆ ಸಂಜೆ ಆಚೆಯಿಂದ ಈಡು ಕೇಳಲಿಲ್ಲ. ಕಣದಲ್ಲಿ ಹಣ್ಣು ಹರವುತ್ತಿದ್ದವಳು ನಿಂತೆ. ಹೊತ್ತು ಮುಳುಗಿ ಕತ್ತಲಾಯಿತು, ಕೇಳಲಿಲ್ಲ. ಬೆಳಕು ಹರಿಯುತ್ತಲೇ ಸಂಕ ದಾಟಿ ಓಡಿದೆ. ಪದ್ಧತಿಯ ಪ್ರಕಾರ ನಾನು ಹೋಗಬೇಕಿರಲಿಲ್ಲ, ಈಡು ಹೊಡೆದವಳು ನಾನಲ್ಲವಲ್ಲ. ಆದರೆ ಅಷ್ಟೆಲ್ಲ ಯೋಚಿಸುವಷ್ಟು ವಕೀಲಿ ನನಗೆ ಬರುವುದಿಲ್ಲ. ಹೋಗಿ ನೋಡಿದರೆ ಮಾವ ಒಲೆಯ ಮುಂದೆ ಕೂತು ಅಕ್ಕಿರೊಟ್ಟಿ ತಿನ್ನುತ್ತಿದ್ದಾರೆ.

"ಯಾಕವ್ವ ಹಿಂಗ್ ಏದುಸ್ರು? ಹಂದಿ ಅಟ್ಟುಸ್ಕಂಡ್ ಬಂತಾ?"

"ಈಡು ಕೇಳ್ಲಿಲ್ಲ ಮಾವ."

"ಅಯ್, ಕೋವಿ ಸ್ಟೇಷನ್ನಲ್ಲೈತೆ. ಪಂಚಾಯ್ತಿ ಬೈ ಎಲೆಕ್ಷನ್ ಬಂತಲ್ಲ, ನಮ್ ಆಲೂರ್ ಕಡೆಗ್ ಮಾತ್ರ. ನಿಮ್ ತಾಲೂಕಿಗಿಲ್ಲ. ಇಸ್ಕಂಡ್ ಹೋಗ್ಬುಟ್ರು. ನಾನ್ ಸತ್ತೋದೆ ಅನ್ಕಂಡ?"

"ಹೂಂ."

"ಕೋಡ್ ಆಫ್ ಕಂಡಕ್ಟ್ ಐತೆ ಕಣವ್ವ. ರಿಸಲ್ಟ್ ಬರೋಗಂಟ ಸಾಯಂಗಿಲ್ಲ. ಕೂತ್ಕ, ರೊಟ್ಟಿ ತಿನ್ನು."

ತಿಂದೆ. ಅಳು ಬಂದು ರೊಟ್ಟಿ ಉಪ್ಪಾಯಿತು, ನಿಮ್ಮ ಅತ್ತಿಗೆ ಉಪ್ಪು ಹೆಚ್ಚಾಯಿತೇ ಎಂದು ಕೇಳಿದರು.

ಹಿಂದಿರುಗುವಾಗ ಸಂಕದ ಮೇಲೆ ನಿಂತು ನಕ್ಕೆ. ಹಳ್ಳದ ನೀರು ಒಂದೇ, ದಡಗಳು ಮಾತ್ರ ಎರಡು ತಾಲೂಕು. ಆ ವರ್ಷ ಇದೇ ತಿರುವುಮುರುವಾಗಿತ್ತಲ್ಲ. ನಿಮ್ಮ ತಂಗಿ ವಾಣಿಯ ಮದುವೆಯಾದ ವಾರ ಉಪಚುನಾವಣೆ ಬಂದದ್ದು ನಮ್ಮ ಕಡೆಗೆ ಮಾತ್ರ. ಶನಿವಾರವೇ ಅಪ್ಪ ಕೋವಿಯನ್ನು ಸ್ಟೇಷನ್ನಿಗೆ ಕೊಟ್ಟು ಬಂದಿದ್ದರು. ಭಾನುವಾರ ಆಚೆಯಿಂದ ಈಡು ಬಂತು, ಈಚೆಯಿಂದ ಹೊಡೆಯಲು ಏನಿತ್ತು? ನಿಮಗೆ ಗೊತ್ತಿದ್ದೇ ಇರುತ್ತದೆ.

ಅದು ಬಿಡಿ.

ಸುಚಿತ್ರಾ


ಬೆಂಗಳೂರು
22 ಜನವರಿ 2024

ಶ್ರೀಮತಿ ಸುಚಿತ್ರಾ ಇವರಿಗೆ,

ವಿಷಯ: ಕೋವಿ ಪರವಾನಗಿ ಕುರಿತ ರಿಟ್ ಅರ್ಜಿ.

ಸದರಿ ಅರ್ಜಿಯನ್ನು ಮಾನ್ಯ ನ್ಯಾಯಾಲಯವು ಕಳೆದ ವಾರ ಇತ್ಯರ್ಥಪಡಿಸಿದೆ. ಎಂಟು ವಾರಗಳೊಳಗೆ ತಮ್ಮ ಅರ್ಜಿಯನ್ನು ಪರಿಗಣಿಸಿ ಕಾನೂನಿನಂತೆ ತೀರ್ಮಾನಿಸಲು, ತಿರಸ್ಕರಿಸಿದಲ್ಲಿ ಕಾರಣ ದಾಖಲಿಸಲು ಅಧಿಕಾರಿಗೆ ನಿರ್ದೇಶಿಸಿದೆ. ಅರ್ಜಿಯ ಗುಣಾವಗುಣಗಳ ಬಗ್ಗೆ ನ್ಯಾಯಾಲಯ ಅಭಿಪ್ರಾಯ ಹೇಳಿಲ್ಲ. ತೀರ್ಮಾನವಾಗುವ ತನಕ ಕೋವಿಯನ್ನು ಮುರಿಯುವಂತಿಲ್ಲ. ಅವಧಿ ಮೀರಿದರೆ ನ್ಯಾಯಾಂಗ ನಿಂದನೆಯ ಅರ್ಜಿ ಸಲ್ಲಿಸಬಹುದು. ಆದೇಶದ ಪ್ರತಿ ಲಗತ್ತಿಸಿದೆ.

ಉತ್ತರಿಸಲು ತಡವಾದುದಕ್ಕೆ ವಿಷಾದವಿದೆ.

ನಟರಾಜ್


ಹೆಬ್ಬಲಸಿನ ತೋಟ
2 ಫೆಬ್ರವರಿ 2024

ನಟರಾಜ್ ಅವರಿಗೆ,

ಗೆದ್ದ ಕಾಗದ ಹೀಗಿರುತ್ತದೆಯೆ? ಇದನ್ನು ಯಾರು ಬರೆದದ್ದು, ಕೋಟೇ? ಮಾದಮ್ಮನಿಗೆ ಓದಿದೆ. "ಯಾಕವ್ವ, ಸೋತ್ರಾ?" ಎಂದಳು.

ಶ್ರೀಮತಿ ಎಂದು ಬರೆದಿದ್ದೀರಿ. ಆ ಮೂರಕ್ಷರ ಹೆಚ್ಚಿಗೆ ಬಿದ್ದಿವೆ. ನಾನು ಬರೀ ಸುಚಿತ್ರಾ. ಗಂಡುಗಳು ಬಂದರು, ಕಾಫಿ ಕುಡಿದರು, ಅಪ್ಪನ ಒಂದು ಕಾಲಿಗೆ ಲಕ್ವ ಹೊಡೆದಿರುವುದನ್ನು ನೋಡಿದರು, ತೋಟದ ಅಳತೆ ಕೇಳಿದರು, ಹೋದರು. ಒಂದಿಬ್ಬರನ್ನು ನಾನೇ ಕಳಿಸಿದೆ.

ಹಿಂದಿನ ಪತ್ರದಲ್ಲಿ ಬರೆಯಬಾರದ್ದೇನಾದರೂ ಬರೆದೆನೆ? ಶಾಲಿನಿಯವರು ಅದನ್ನು ಓದಿ ಬೇಸರ ಮಾಡಿಕೊಂಡರೆ? ಹಾಗಿದ್ದರೆ ಇನ್ನು ಮುಂದೆ ವಿಷಯಕ್ಕೆ ಸಂಬಂಧಿಸಿದ್ದನ್ನಷ್ಟೇ ಬರೆಯುತ್ತೇನೆ. ಇಷ್ಟು ವರ್ಷದ ಮೇಲೆ ಯಾರ ಮನೆಯ ನೆಮ್ಮದಿಯನ್ನೂ ನಾನು ಕದಡಲಾರೆ.

ಕೇಸು ಗೆಲ್ಲಿಸಿದ್ದಕ್ಕೆ ನಿಮ್ಮಿಬ್ಬರಿಗೂ ಋಣಿ.

ಸುಚಿತ್ರಾ


ಬೆಂಗಳೂರು
18 ಫೆಬ್ರವರಿ 2024

ಸುಚಿತ್ರಾ,

ಶಾಲಿನಿ ಮೇಡಂ ನನ್ನ ಸೀನಿಯರ್. ಅವರ ಮೊಮ್ಮಗ ಈ ವರ್ಷ ಕಾಲೇಜಿಗೆ ಸೇರಿದ್ದಾನೆ. 'ನಿಮ್ಮ ಶಾಲಿನಿ' ಎಂದು ನೀನು ಬರೆದದ್ದನ್ನು ಈಗ ತೋರಿಸಿದೆ. ಅವರು ನಕ್ಕ ನಗೆಗೆ ಹಲ್ಲಿನ ಸೆಟ್ಟು ಸಡಿಲವಾಯಿತು. ನನ್ನ ಮನೆಯಲ್ಲಿ ಕದಡಲು ಯಾರೂ ಇಲ್ಲ. ನಾನು ಕದಡುವುದು ಕಾಫಿಯನ್ನು ಮಾತ್ರ, ಅದೂ ಒಂದೇ ಲೋಟ.

ನಿನ್ನ ಡಿಸೆಂಬರಿನ ಪತ್ರ ಓದಿ ಒಂದು ತಿಂಗಳು ನನಗೆ ಬರೆಯಲಾಗಲಿಲ್ಲ. 'ನಿಮಗೆ ಗೊತ್ತಿದ್ದೇ ಇರುತ್ತದೆ' ಎಂದು ನೀನು ಬರೆದಿದ್ದೆ. ನನಗೆ ಗೊತ್ತಿರಲಿಲ್ಲ ಸುಚಿತ್ರಾ. ಆನೇಮಹಲ್‌ನಲ್ಲಿ ವಾಣಿಯ ಮದುವೆಯ ಊಟದ ಪಂಕ್ತಿಯಲ್ಲಿ ನಿನ್ನನ್ನು ಕೇಳಿದೆನಲ್ಲ, ನನ್ನನ್ನು ಮದುವೆಯಾಗುತ್ತೀಯಾ ಎಂದು. 'ಭಾನುವಾರ ನಾನು ಒಂದು ಈಡು ಹೊಡೆಯುತ್ತೇನೆ, ನಿಮ್ಮ ಕಡೆಯಿಂದ ಎರಡು ಬಂದರೆ ಒಪ್ಪಿಗೆ' ಎಂದಿದ್ದೆ. ನೀನು ಪಾಯಸ ನೋಡುತ್ತಾ ನಕ್ಕಿದ್ದೆ. ಅಲ್ಲಿಂದ ನೇರ ಬೆಂಗಳೂರಿಗೆ ಹೋದವನು ಭಾನುವಾರ ಮಧ್ಯಾಹ್ನ ಊರಿಗೆ ಬಂದೆ. ಅಪ್ಪ ಇನ್ನೂ ಬೀಗರ ಮನೆಯಲ್ಲೇ ಇದ್ದರು. ಕೋವಿ ಗೋಡೆಯಲ್ಲಿತ್ತು. ಹೊಡೆದವನು ನಾನೇ. (ಲೈಸೆನ್ಸ್ ಇಲ್ಲದೆ. ಈ ವಾಕ್ಯ ಸರ್ಕಾರಿ ವಕೀಲರ ಕಣ್ಣಿಗೆ ಬೀಳದಿರಲಿ.) ನಮ್ಮ ಕೋವಿ ಮನೆಯಲ್ಲಿದ್ದರೆ ನಿಮ್ಮದೂ ಇರುತ್ತದೆ ಎಂದುಕೊಂಡೆ. ಹಳ್ಳದ ಮಧ್ಯೆ ಒಂದು ತಾಲೂಕಿನ ಗಡಿ ಇದೆ ಎಂದು ನೆನಪಾಗಲೇ ಇಲ್ಲ. ಎರಡು ಬೇಡ, ಒಂದೂ ಬರಲಿಲ್ಲ. ಬೆಳಿಗ್ಗೆ ಮೊದಲ ಬಸ್ಸು ಹತ್ತಿದೆ.

ಮೌನ ಉತ್ತರವಲ್ಲ ಎಂದು ಇಷ್ಟು ವರ್ಷ ಕೋರ್ಟಿನಲ್ಲಿ ನಿಂತು ವಾದಿಸಿದೆ. ಬೇರೆಯವರ ಪರವಾಗಿ.

ಒಂದು ಪ್ರಶ್ನೆ ಕೇಳುವ ಧೈರ್ಯವಿಲ್ಲ. ಕೇಳುವುದಿಲ್ಲ.

ನಟರಾಜ್


ಹೆಬ್ಬಲಸಿನ ತೋಟ
25 ಮಾರ್ಚ್ 2024

ನಟರಾಜ,

ಮೊದಲು ಕೇಸಿನ ವಿಷಯ. ಲೈಸೆನ್ಸ್ ಬಂತು. ಕೋರ್ಟು ಕೊಟ್ಟ ಗಡುವಿನ ಕೊನೆಯ ದಿನಕ್ಕೆ ಸರಿಯಾಗಿ ಸಹಿ ಬಿದ್ದಿದೆ. ಪುಸ್ತಕದಲ್ಲಿ ನನ್ನ ಫೋಟೋ ನೋಡಿದರೆ ಕೋವಿ ಕದ್ದವಳ ಹಾಗಿದೆ. ಹದಿನಾರನೇ ತಾರೀಕು ಶನಿವಾರ ಬೆಳಿಗ್ಗೆಯೇ ಕುಂಕುಮ, ಹೂವು ಎಲ್ಲ ತೆಗೆದುಕೊಂಡು ಸ್ಟೇಷನ್ನಿಗೆ ಹೋದೆ. ಸಾಹೇಬರು ಬರಲಿ ಎಂದರು. ಕೂತೆ. ಊಟಕ್ಕೆ ಹೋಗಿದ್ದಾರೆ ಎಂದರು. ಕೂತೆ. ಸಾಹೇಬರು ಬರುವ ಹೊತ್ತಿಗೆ ಟಿವಿಯಲ್ಲಿ ಲೋಕಸಭೆಯ ಚುನಾವಣೆ ಘೋಷಣೆಯಾಯಿತು. "ಮೇಡಂ, ಈಗ ಕೊಟ್ಟು ನಾಳೆ ಮತ್ತೆ ಇಸ್ಕಳೋದ್ ಯಾಕೆ? ಇಲ್ಲೇ ಇರ್ಲಿ. ಜೂನ್‌ನಲ್ಲಿ ರಿಸಲ್ಟ್ ಆದ್ಮೇಲೆ ಬನ್ನಿ" ಎಂದರು. ಕೋವಿಯನ್ನು ದೂರದಿಂದ ತೋರಿಸಿದರು. ಹೂವು ಮುಡಿಸಿ ಬಂದೆ. ಈ ಸಲ ಎರಡು ತಾಲೂಕಿನ ಕೋವಿಗಳೂ ಅಕ್ಕಪಕ್ಕದ ಸ್ಟೇಷನ್ನುಗಳಲ್ಲಿ ಸೆರೆ.

ಲಕ್ಕಯ್ಯ ಮಾವ ಇವತ್ತೂ ಬಂದಿದ್ದರು. "ಮಾವ, ಕೋವಿ ಇಬ್ಬರ ಹತ್ರನೂ ಇಲ್ಲ, ನೀವು ಈಡೇ ಹೊಡೆದಿಲ್ಲ, ಮತ್ತೆ ಯಾಕೆ ಬಂದ್ರಿ?" ಎಂದೆ. "ಹೊಡ್ದಿದ್ರೆ ನಿಂಗ್ ಉತ್ರ ಕೊಡಕ್ ಆಗ್ತಿರ್ಲಿಲ್ವಲ್ಲ, ಅದ್ಕೆ" ಎಂದರು. ಇದಕ್ಕೆ ನಿನ್ನ ಕಾನೂನಿನಲ್ಲಿ ಏನೆನ್ನುತ್ತಾರೋ ಗೊತ್ತಿಲ್ಲ.

ಈಗ ಇನ್ನೊಂದು ವಿಷಯ.

ಆ ಭಾನುವಾರ ನಿನ್ನ ಈಡು ಕೇಳಿದಾಗ ನಾನು ಕೊಟ್ಟಿಗೆಯ ಹತ್ತಿರ ನಿಂತಿದ್ದೆ. ಹೊಡೆದವನು ನೀನೇ ಎಂದು ಗೊತ್ತು, ಲಕ್ಕಯ್ಯ ಮಾವ ಆನೇಮಹಲ್‌ನಲ್ಲಿದ್ದರಲ್ಲ. ಎರಡನೆಯ ಈಡಿಗೆ ಅಪ್ಪನಿಗೆ ಏನು ಕಾರಣ ಹೇಳುವುದೆಂದು ವಾರವೆಲ್ಲ ಯೋಚಿಸಿದವಳು ನಾನು. ಕೋವಿ ಹೋದಾಗ ಗಾಬರಿಯಾಗಲಿಲ್ಲ. ಇನ್ನೂ ಒಳ್ಳೆಯದಾಯಿತು ಎಂದುಕೊಂಡೆ. ಉತ್ತರ ಬರದಿದ್ದರೆ ಹೊಡೆದವನು ಬೆಳಿಗ್ಗೆ ಬರಬೇಕು. ಬಂದರೆ ಬಾಯಲ್ಲೇ ಹೇಳಬಹುದು. ಸೋಮವಾರ ಎದ್ದು ತಲೆಗೆ ಸ್ನಾನ ಮಾಡಿ ಜಗುಲಿಯಲ್ಲಿ ಕೂತೆ. ನಾನೇ ಹಳ್ಳ ದಾಟಬಹುದಿತ್ತಲ್ಲ ಎನ್ನಬೇಡ. ಆ ಕಾಲಕ್ಕೆ ಹುಡುಗಿ ಹಳ್ಳ ದಾಟಿದರೆ ಮಾತು ಊರು ದಾಟುತ್ತಿತ್ತು. ಮಾದಮ್ಮ ಎರಡು ಲೋಟ ಕಾಫಿ ಇಟ್ಟು ಹೋದಳು. ಯಾರಿಗೆಂದು ಅವಳು ಕೇಳಲಿಲ್ಲ. ಆಮೇಲೆ ಅವಳೇ ಬಂದು ಒಂದನ್ನು ಒಳಗೆ ತೆಗೆದುಕೊಂಡು ಹೋದಳು.

ನನಗೆ ನೋವಾದದ್ದು ನೀನು ಬೆಂಗಳೂರಿಗೆ ಹೋದದ್ದಕ್ಕಲ್ಲ. ಯಾರ ಮನೆಯಿಂದ ಉತ್ತರ ಬರದಿದ್ದರೂ ಹೋಗಿ ನೋಡುತ್ತೇವೆ. ನೀನು ನೋಡಲೂ ಬರಲಿಲ್ಲವಲ್ಲ ಎಂದು. ನನಗಿಷ್ಟವಿಲ್ಲವೆಂದು ನೀನು ತಿಳಿದಿರಬಹುದೆಂದು ನನಗೆ ಹೊಳೆಯಲೇ ಇಲ್ಲ. ನಿನಗೇ ಬೇಡವಾಯಿತು ಎಂದುಕೊಂಡೆ.

ನೀನು ಕೇಳದ ಪ್ರಶ್ನೆಗೆ ನಾನು ಕಾಗದದಲ್ಲಿ ಉತ್ತರಿಸುವುದಿಲ್ಲ. ಅರ್ಜಿ ಹಾಕಿದವನೇ ಎದ್ದು ಹೋದ ಎಂದು ನಾನು ಫೈಲು ಮುಚ್ಚಿರಲಿಲ್ಲ. ಇಷ್ಟು ತಿಳಿದಿರಲಿ.

ಸುಚಿತ್ರಾ


ಆಚೆ ಗುಡ್ಡ, ಆಲೂರು ತಾಲೂಕು
30 ಮಾರ್ಚ್ 2024, ಶನಿವಾರ ಸಂಜೆ

ಸುಚಿತ್ರಾ,

ನಿನ್ನ ಕಾಗದ ಮೊನ್ನೆ ಸಿಕ್ಕಿತು. ಇವತ್ತು ಇಲ್ಲಿದ್ದೇನೆ. ಹಬ್ಬವಿಲ್ಲದ ದಿನ ನನ್ನನ್ನು ನೋಡಿ ಬಾಲು ಯಾರು ಹೋದರು ಎಂದು ಕೇಳಿದ. ಅಪ್ಪ ನನ್ನ ಚೀಲ ಒಳಗಿಟ್ಟರು. ಬರೆಯಲು ಕೂತ ಮೇಲೆ ಪಕ್ಕಕ್ಕೆ ಬಂದರು.

"ಏನೋ ಅದು, ಕೇಸಾ?"

"ಹೂಂ ಅಪ್ಪ. ಹಳೇ ಕೇಸು."

"ತೀರ್ಪಾಯ್ತಾ?"

"ಇನ್ನೂ ಇಲ್ಲ."

"ಮತ್ತೆ ಇಲ್ ಕೂತ್ಕಂಡ್ ಏನ್ ಬರೀತಿದ್ಯೋ ಮಾರಾಯ? ಕೋರ್ಟ್ ಅಲ್ಲೈತೆ" ಎಂದು ಗಲ್ಲವೆತ್ತಿ ನಿಮ್ಮ ಗುಡ್ಡ ತೋರಿಸಿದರು. ಅವರಿಗೆ ಎಷ್ಟು ವರ್ಷದಿಂದ ಗೊತ್ತೋ! ದಿನಾ ಸಂಕ ದಾಟಿದ್ದು ನಿನ್ನನ್ನು ನೋಡಲು ಮಾತ್ರವೋ, ನನ್ನ ಪಾಲಿನದನ್ನೂ ಸೇರಿಸಿಯೋ, ಅವರಿಗೇ ಗೊತ್ತು. ನಾಳೆ ನೀವು ಹೋಗಬೇಡಿ, ನಾನು ಹೋಗುತ್ತೇನೆ ಎಂದೆ. ಊರುಗೋಲು ತಂದು ನನ್ನ ಪಕ್ಕದಲ್ಲಿಟ್ಟರು. "ಮೂರ್ನೇ ಮರ ಸಡ್ಲ ಆಗೈತೆ, ನೋಡ್ಕಂಡ್ ಕಾಲಿಡು" ಎಂದರು.

ಈ ಕಾಗದವನ್ನು ಪೋಸ್ಟಿಗೆ ಹಾಕಿದರೆ ನನಗಿಂತ ತಡವಾಗಿ ತಲುಪುತ್ತದೆ. ನಮ್ಮಿಬ್ಬರ ನಡುವೆ ಇನ್ನೊಂದು ವಿಳಂಬ ಬೇಡ. ಜೇಬಿನಲ್ಲಿಟ್ಟುಕೊಂಡು ನಾನೇ ತರುತ್ತೇನೆ. ಸಂಕದಿಂದ ಬಿದ್ದರೆ ಒದ್ದೆ ಪ್ರತಿ ಸಲ್ಲಿಸಲು ಅನುಮತಿ ಕೋರುತ್ತೇನೆ. ಜಗುಲಿಯಲ್ಲಿ ಕೂತು ಇದನ್ನು ನೀನು ಓದಬೇಕು, ನಾನು ಎದುರಿಗೆ ನಿಂತಿರುತ್ತೇನೆ. ಹೂಂ ಆದರೂ ಸರಿ, ಉಹೂಂ ಆದರೂ ಸರಿ. ಕಾರಣ ದಾಖಲಿಸಬೇಕಾಗಿಲ್ಲ, ನಾನು ಮೇಲ್ಮನವಿಗೆ ಹೋಗುವುದಿಲ್ಲ. ಮಾದಮ್ಮನಿಗೆ ಎರಡು ಲೋಟ ಇಡಲು ಮಾತ್ರ ಹೇಳು. ಒಳಗೆ ತೆಗೆದುಕೊಂಡು ಹೋಗಲು ಸ್ವಲ್ಪ ತಡಮಾಡಲಿ.

ಹೊತ್ತು ಮುಳುಗುತ್ತಿದೆ. ಎರಡೂ ಕೋವಿಗಳು ಸ್ಟೇಷನ್ನಿನಲ್ಲಿವೆ ಎಂದು ಗೊತ್ತಿದ್ದೂ ಅಪ್ಪ ಅಂಗಳದ ಅಂಚಿನಲ್ಲಿ ನಿಮ್ಮ ಕಡೆಗೆ ಕಿವಿಗೊಟ್ಟು ನಿಂತಿದ್ದಾರೆ. ನಾನೂ ಹೋಗಿ ಪಕ್ಕದಲ್ಲಿ ನಿಂತು ಬಂದೆ.

ಉತ್ತರ ಬರಲಿಲ್ಲ. ಬೆಳಿಗ್ಗೆ ಬರುತ್ತೇನೆ.

ನಟರಾಜ